ಉಳಿಸಿಕೊಂಡು ಬದಲಿಸುವ ಕಲೆ

ಬೆಂಗಳೂರಿನ ಎಸ್.ಪಿ. ರೋಡಿನ ಅಂಗಡಿಗೆ ಹಳೆಯ ಡೆಸ್ಕ್‌ಟಾಪ್ ಹೊತ್ತು ತಂದವರಿಗೆ ಬೇಕಾದದ್ದು ಕಡಿಮೆ ಖರ್ಚಿನಲ್ಲಿ ಬೇರೆ ಮದರ್‌ಬೋರ್ಡ್. ಪಳಗಿದ ಮೆಕ್ಯಾನಿಕ್ ಮಾತ್ರ ಬೆಲೆ ಹೇಳುವ ಮುಂಚೆ ಮುಚ್ಚಳ ತೆಗೆದು ಪ್ರೊಸೆಸರ್ ಯಾವುದು, ರ‍್ಯಾಮ್ ಯಾವುದು ಎಂದು ನೋಡುತ್ತಾನೆ. ಹೊಸ ತಲೆಮಾರಿನ ಮದರ್‌ಬೋರ್ಡ್ ಹಾಕಿದರೆ ಆ ಎರಡನ್ನೂ ಬದಲಿಸಬೇಕು. ಅಲ್ಲಿಗೆ ಖರ್ಚು ಕೈಮೀರುತ್ತದೆ.

ಐ3-2100 ಪ್ರೊಸೆಸರ್, ಡಿಡಿಆರ್3 ರ‍್ಯಾಮ್, ಎಚ್61 ಬೋರ್ಡ್ ಇರುವ 2011ರ ಕಾಲದ ಯಂತ್ರವನ್ನೇ ತೆಗೆದುಕೊಳ್ಳಿ. ಇದಕ್ಕೆ ಬಿ75 ಚಿಪ್‌ಸೆಟ್ಟಿನ ಸೆಕೆಂಡ್‌ಹ್ಯಾಂಡ್ ಬೋರ್ಡ್ ಹುಡುಕುವುದು ಜಾಣತನ. ಸಾಕೆಟ್ ಅದೇ 1155, ರ‍್ಯಾಮ್ ಅದೇ. ಎಚ್61 ಚಿಪ್‌ಸೆಟ್‌ನಲ್ಲಿ ಡಿಸ್ಕ್ ಜೋಡಿಸುವ ಸಾಟಾ ಪೋರ್ಟಿನ ವೇಗ ಸೆಕೆಂಡಿಗೆ 3 ಗಿಗಾಬಿಟ್. ಬಿ75ರಲ್ಲಿ ಒಂದು ಪೋರ್ಟ್ 6 ಗಿಗಾಬಿಟ್‌ನದು. ಎಸ್‌ಎಸ್‌ಡಿಗೆ ಆ ಒಂದು ಸಾಕು. ಯುಎಸ್‌ಬಿ 3 ಕೂಡ ಬರುತ್ತದೆ. ಮುಂದೆ ಕೈಯಲ್ಲಿ ಕಾಸು ಓಡಾಡಿದಾಗ ನಾಲ್ಕು ಕೋರಿನ ಐ5-3470 ಅದೇ ಸಾಕೆಟ್ಟಿನಲ್ಲಿ ಕೂರುತ್ತದೆ.

ನನಗೆ ಅತ್ಯಂತ ಮೆಚ್ಚುಗೆಯಾಗುವುದು ಹಳೆಯ ಬೋರ್ಡನ್ನು ಆರಿಸುವ ಮೆಕ್ಯಾನಿಕ್‌ಗಳ ಕಣ್ಣು. ಕೆಪಾಸಿಟರುಗಳ ತಲೆ ಉಬ್ಬಿದೆಯೇ ಎಂದು ಮೊದಲು ನೋಡುತ್ತಾರೆ. ಆಮೇಲೆ ಸಾಕೆಟ್. ಈ ಮಾದರಿಯಲ್ಲಿ ಕೂದಲೆಳೆಯಂಥ ಪಿನ್ನುಗಳು ಇರುವುದು ಪ್ರೊಸೆಸರಿನಲ್ಲಲ್ಲ, ಬೋರ್ಡಿನಲ್ಲೇ. ಟಾರ್ಚನ್ನು ಓರೆಯಾಗಿ ಹಿಡಿದರೆ ನೆಟ್ಟಗಿರುವ ಪಿನ್ನುಗಳೆಲ್ಲ ಒಂದೇ ಬಗೆಯಲ್ಲಿ ಹೊಳೆಯುತ್ತವೆ, ಬಾಗಿದ್ದು ಮಂಕಾಗಿ ಕಾಣುತ್ತದೆ. ಅದನ್ನು ಸೂಜಿಯ ಮೊನೆಯಿಂದ ಚೂರೇ ಚೂರು ಸರಿಸಬೇಕು. ಎರಡು ಮೂರು ಸಲ ಹಿಂದೆ ಮುಂದೆ ಬಗ್ಗಿಸಿದರೆ ಪಿನ್ ಮುರಿದೇ ಹೋಗಬಹುದು. ಆ ಹೊತ್ತಿನಲ್ಲಿ ಕೆಲಸ ಬಲ್ಲವರು ಉಸಿರು ಬಿಗಿಹಿಡಿದಿರುತ್ತಾರೆ, ಮಾತಾಡುವುದಿಲ್ಲ.

ಪ್ರೊಸೆಸರ್ ಕೂರಿಸುವಾಗ ಒತ್ತುವುದೇ ಇಲ್ಲ. ಅಂಚಿನ ಕಚ್ಚು ಹೊಂದಿಸಿ ಮೇಲಿಟ್ಟು, ಲಿವರ್ ಎಳೆಯುವುದಷ್ಟೇ. ಒಣಗಿದ ಥರ್ಮಲ್ ಪೇಸ್ಟ್ ಒರೆಸಿ, ಬಟಾಣಿ ಕಾಳಿನಷ್ಟು ಹೊಸದು ಹಚ್ಚುತ್ತಾರೆ. ಎಸ್‌ಎಂಪಿಎಸ್ ಜೋಡಿಸಿ ಮೇಜಿನ ಮೇಲೆಯೇ ಬಯೋಸ್ ಬಂತೇ ನೋಡಿ, ಆಮೇಲೆ ಸ್ಕ್ರೂ ಬಿಗಿಯುತ್ತಾರೆ. ಎಟಿಎಕ್ಸ್ ಅಳತೆ 1995ರಿಂದಲೂ ಇರುವುದರಿಂದ ಹಳೆಯ ಕ್ಯಾಬಿನೆಟ್ ಸಾಮಾನ್ಯವಾಗಿ ಹೊಂದುತ್ತದೆ. ಕೆಲವು ಬ್ರ್ಯಾಂಡೆಡ್ ಪೆಟ್ಟಿಗೆಗಳಲ್ಲಿ ಮಾತ್ರ ರಂಧ್ರವೂ ಬೇರೆ, ಎಸ್‌ಎಂಪಿಎಸ್ ಪಿನ್ನೂ ಬೇರೆ. ಅಂಥದ್ದಕ್ಕೆ ಕೈಹಾಕುವ ಮುಂಚೆ ಅಳೆದು ನೋಡಬೇಕು.

ಇನ್ನು ಆಪರೇಟಿಂಗ್ ಸಿಸ್ಟಂ. ವಿಂಡೋಸ್ 11 ಈ ತಲೆಮಾರಿನ ಪ್ರೊಸೆಸರುಗಳನ್ನು ಅಧಿಕೃತವಾಗಿ ಒಪ್ಪುವುದಿಲ್ಲ. ಅದರ ಬದಲು ಲಿನಕ್ಸ್ ಮಿಂಟ್ ಹಾಕಿ, 8 ಜಿಬಿ ರ‍್ಯಾಮ್ ಕೊಟ್ಟರೆ ಟೈಪಿಂಗ್, ಲೆಕ್ಕಪತ್ರ, ಮಕ್ಕಳ ಆನ್‌ಲೈನ್ ಪಾಠ ಎಲ್ಲವೂ ಸಲೀಸಾಗಿ ನಡೆಯುತ್ತವೆ.