ದಾವೆಯಲ್ಲಿರುವ ಸ್ವತ್ತು ಮತ್ತು ಬ್ಯಾಂಕಿನ ಬೀಗ

ದಿನಪತ್ರಿಕೆಗಳಲ್ಲಿ ಪ್ರಕಟವಾಗುವ ಬ್ಯಾಂಕುಗಳ ಸ್ವಾಧೀನ ನೋಟೀಸುಗಳಲ್ಲಿ ವರ್ತಕರು ಸಾಮಾನ್ಯವಾಗಿ ಸಾಲಗಾರನ ಹೆಸರನ್ನೂ ಬಾಕಿ ಮೊತ್ತವನ್ನೂ ಮಾತ್ರ ಗಮನಿಸುತ್ತಾರೆ. ಅದೇ ಸ್ವತ್ತಿನ ಮೇಲೆ ಸಿವಿಲ್ ನ್ಯಾಯಾಲಯದಲ್ಲಿ ದಾವೆಯೊಂದು ನಡೆಯುತ್ತಿದ್ದರೆ ಆ ಸಂಗತಿ ಅನೇಕ ವೇಳೆ ನೋಟೀಸಿನಿಂದ ತಿಳಿಯುವುದಿಲ್ಲ. "ವಿಷಯ ಕೋರ್ಟಿನಲ್ಲಿದೆ, ಬ್ಯಾಂಕು ಮುಟ್ಟಲಾರದು" ಎಂಬ ನಂಬಿಕೆ ವ್ಯಾಪಾರಿ ವಲಯದಲ್ಲಿ ಇಂದಿಗೂ ಇದೆ. ಇದು ಅಪಾಯಕಾರಿ ನಂಬಿಕೆ.

ಒಂದು ಸನ್ನಿವೇಶವನ್ನು ಊಹಿಸಿಕೊಳ್ಳಬಹುದು. ತಂದೆ ಸ್ವಂತ ದುಡಿಮೆಯಿಂದ ಕೊಂಡ ನಿವೇಶನದಲ್ಲಿ ಹಿರಿಯ ಮಗ ಶೆಡ್ಡು ಕಟ್ಟಿ ಲೇತ್ ಯಂತ್ರಗಳನ್ನು ಹಾಕಿದ್ದಾನೆ. ತಂದೆ ಉಯಿಲು ಬರೆಯದೆ ತೀರಿಕೊಂಡ ಬಳಿಕ ಖಾತೆಯನ್ನು ತನ್ನ ಹೆಸರಿಗೆ ಮಾಡಿಸಿಕೊಂಡು, ಮೂಲ ಕ್ರಯಪತ್ರವನ್ನು ಬ್ಯಾಂಕಿಗೊಪ್ಪಿಸಿ ಸಾಲ ಪಡೆದಿದ್ದಾನೆ. ತಂಗಿ ತನ್ನ ಪಾಲಿಗಾಗಿ ದಾವೆ ಹೂಡಿದ್ದಾಳೆ. ಅಷ್ಟರಲ್ಲಿ ಸಾಲ ಅನುತ್ಪಾದಕವಾಗುತ್ತದೆ.

ಇಂತಹ ಸಂದರ್ಭದಲ್ಲಿ ಬ್ಯಾಂಕು ಆಶ್ರಯಿಸುವುದು 2002ರ ಸರ್ಫೇಸಿ ಕಾಯ್ದೆಯನ್ನು. 13(2)ನೇ ಕಲಮಿನನ್ವಯ 60 ದಿನಗಳ ಬೇಡಿಕೆ ನೋಟೀಸು ನೀಡಿ, ಸಾಲಗಾರನು ಆಕ್ಷೇಪ ಸಲ್ಲಿಸಿದರೆ 15 ದಿನಗಳೊಳಗೆ ಉತ್ತರಿಸಿ, ಅನಂತರ ಸ್ವತ್ತನ್ನು ಸ್ವಾಧೀನಪಡಿಸಿಕೊಳ್ಳಬಹುದು. ಪ್ರತಿರೋಧವಿದ್ದಲ್ಲಿ ಜಿಲ್ಲಾ ದಂಡಾಧಿಕಾರಿಯ ನೆರವು ದೊರೆಯುತ್ತದೆ. ಸ್ವತ್ತಿನ ಒಡೆಯರು ಯಾರೆಂದು ನಿರ್ಣಯಿಸುವ ಅಧಿಕಾರ ದಂಡಾಧಿಕಾರಿಗಿಲ್ಲ. ಕಾಯ್ದೆಯ 34ನೇ ಕಲಮು, ಸಾಲ ವಸೂಲಾತಿ ನ್ಯಾಯಮಂಡಳಿಯು ತೀರ್ಮಾನಿಸಬಹುದಾದ ವಿಷಯಗಳಲ್ಲಿ ಸಿವಿಲ್ ನ್ಯಾಯಾಲಯದ ಅಧಿಕಾರವ್ಯಾಪ್ತಿಯನ್ನು ತೆಗೆದುಹಾಕಿದೆ. ಕಾಯ್ದೆಯಡಿ ಕೈಗೊಂಡ ಕ್ರಮಕ್ಕೆ ತಡೆಯಾಜ್ಞೆ ನೀಡುವುದನ್ನೂ ನಿಷೇಧಿಸಿದೆ. ಅಂದಮೇಲೆ ದಾವೆ ಬಾಕಿಯಿದೆಯೆಂಬ ಮಾತ್ರಕ್ಕೆ ಬೀಗ ಬೀಳುವುದು ತಪ್ಪದು.

ಹಾಗಾದರೆ ತಂಗಿಯ ಹಕ್ಕು ಏನಾಗಬೇಕು? ಇಲ್ಲಿ ಸರ್ವೋಚ್ಚ ನ್ಯಾಯಾಲಯದ ಎರಡು ತೀರ್ಪುಗಳನ್ನು ಒಟ್ಟಿಗೆ ಓದಬೇಕಾಗುತ್ತದೆ. 2013ರಲ್ಲಿ ತೀರ್ಮಾನವಾದ ಪ್ರಕರಣದಲ್ಲಿ ಅಡಮಾನದ ಸ್ವತ್ತು ಅವಿಭಕ್ತ ಕುಟುಂಬದ್ದೆಂದು ಸಿವಿಲ್ ದಾವೆ ಹೂಡಲಾಗಿತ್ತು. ಕಾಯ್ದೆಯ 17ನೇ ಕಲಮಿನಲ್ಲಿ "ಯಾವುದೇ ವ್ಯಕ್ತಿ" ಎಂಬ ಮಾತಿರುವುದರಿಂದ ಕುಟುಂಬದವರೂ ನ್ಯಾಯಮಂಡಳಿಗೇ ಹೋಗಬೇಕೆಂದು ಹೇಳಿ ಆ ದಾವೆಗೆ ಅವಕಾಶ ನಿರಾಕರಿಸಲಾಯಿತು. 2025ರ ಜನವರಿಯಲ್ಲಿ ಸೆಂಟ್ರಲ್ ಬ್ಯಾಂಕ್ ಆಫ್ ಇಂಡಿಯಾ ಪ್ರಕರಣದಲ್ಲಿ ನ್ಯಾಯಾಲಯ ಬೇರೊಂದು ಮುಖವನ್ನು ತೋರಿಸಿತು. ಪಾಲಾಗದ ಜಮೀನನ್ನು ಸಂಬಂಧಿಕನು ಮಾರಿದ್ದು, ಕೊಂಡವನು ಅದನ್ನು ಬ್ಯಾಂಕಿಗೆ ಅಡವಿಟ್ಟಿದ್ದನು. ಕ್ರಯಪತ್ರವೂ ಅಡಮಾನಪತ್ರವೂ ಅಸಿಂಧುವೆಂದು ಘೋಷಿಸುವ ಅಧಿಕಾರ ನ್ಯಾಯಮಂಡಳಿಗಿಲ್ಲ, ಆ ಪ್ರಶ್ನೆಯನ್ನು ಸಿವಿಲ್ ನ್ಯಾಯಾಲಯವೇ ನಿರ್ಣಯಿಸಬೇಕು ಎಂಬುದು ಅಲ್ಲಿನ ನಿಲುವು. ಸಾಲ ನೀಡುವ ಮುನ್ನ ಹಕ್ಕು ಪರಿಶೀಲನಾ ವರದಿ ತಯಾರಿಸುವುದಕ್ಕೆ ಏಕರೂಪದ ಕ್ರಮ ರೂಪುಗೊಳ್ಳಬೇಕೆಂದೂ, ಮಂಜೂರಾತಿ ನೀಡುವ ಅಧಿಕಾರಿಯ ಹೊಣೆಯನ್ನು ಗೊತ್ತುಪಡಿಸಬೇಕೆಂದೂ ನ್ಯಾಯಾಲಯ ಅಭಿಪ್ರಾಯಪಟ್ಟಿತು. ವಂಶವೃಕ್ಷವನ್ನೇ ಕೇಳದೆ ಖಾತೆಯೊಂದನ್ನು ನೋಡಿ ಸಾಲ ಕೊಡುವವರಿಗೆ ಈ ಮಾತು ನಾಟಬೇಕು.

ಎರಡು ತೀರ್ಪುಗಳ ನಡುವಣ ಗೆರೆ ತೆಳುವಾದುದು. ಆದಕಾರಣ ಹಕ್ಕುಳ್ಳವರು ಸಿವಿಲ್ ದಾವೆಯೊಂದನ್ನೇ ನಂಬಿ ಕುಳಿತುಕೊಳ್ಳದೆ, ಸ್ವಾಧೀನ ಕ್ರಮ ನಡೆದ 45 ದಿನಗಳೊಳಗೆ ನ್ಯಾಯಮಂಡಳಿಗೂ ಅರ್ಜಿ ಸಲ್ಲಿಸುವುದು ಕ್ಷೇಮ. ವಕೀಲರನ್ನು ಹುಡುಕುವುದರಲ್ಲೇ ಈ ಅವಧಿ ಕಳೆದುಹೋಗುವುದುಂಟು.

ಅಣ್ಣನ ಪಾಲಿಗೂ ಒಂದು ಗಡುವಿದೆ. 2016ರ ತಿದ್ದುಪಡಿಯ ನಂತರ ಪೂರ್ತಿ ಬಾಕಿ ಕಟ್ಟಿ ಸ್ವತ್ತು ಬಿಡಿಸಿಕೊಳ್ಳುವ ಹಕ್ಕು ಹರಾಜಿನ ನೋಟೀಸು ಪ್ರಕಟವಾಗುವವರೆಗೆ ಮಾತ್ರ. 2023ರಲ್ಲಿ ಸರ್ವೋಚ್ಚ ನ್ಯಾಯಾಲಯ ಇದನ್ನು ಎತ್ತಿಹಿಡಿದಿದೆ. ಹರಾಜಿನ ದಿನ ಹಣ ತಂದರಾಯಿತೆಂಬ ಹಳೆಯ ಲೆಕ್ಕಾಚಾರ ಈಗ ಸಲ್ಲದು.

ಇನ್ನು ಅಗ್ಗದ ಶೆಡ್ಡಿನ ಆಸೆಯಿಂದ ಹರಾಜಿಗೆ ಹೋಗುವ ಉದ್ಯಮಿಯ ಮಾತು. ಬ್ಯಾಂಕು ಮಾರುವುದು ಸ್ವತ್ತು ಎಲ್ಲಿದೆಯೋ ಅಲ್ಲಿ, ಹೇಗಿದೆಯೋ ಹಾಗೆ ಎಂಬ ಷರತ್ತಿನ ಮೇಲೆ. ಸವಾಲು ಗೆದ್ದವನು ಶೇ. 25ರಷ್ಟು ಹಣವನ್ನು ಅಂದೇ ಅಥವಾ ಮರುದಿನ ಕಟ್ಟಬೇಕು. ಉಳಿದುದನ್ನು ನಿಗದಿತ ಅವಧಿಯಲ್ಲಿ ಕಟ್ಟದಿದ್ದರೆ ಮೊದಲಿನದೂ ಮುಟ್ಟುಗೋಲಾಗುತ್ತದೆ. ಅಡವಿಟ್ಟವನಿಗೇ ಇಲ್ಲದ ಹಕ್ಕು ಹರಾಜಿನಿಂದ ಹುಟ್ಟುವುದಿಲ್ಲ. ಋಣಭಾರ ಪ್ರಮಾಣಪತ್ರದಲ್ಲಿ ಕಾಣುವುದು ನೋಂದಾಯಿತ ವ್ಯವಹಾರಗಳು. ದಾವೆಗಳನ್ನು ಹೀಗೆ ನೋಂದಾಯಿಸಬೇಕೆಂಬ ನಿಯಮ ಮಹಾರಾಷ್ಟ್ರ, ಗುಜರಾತ್‌ಗಳಲ್ಲಿದ್ದರೂ ಕರ್ನಾಟಕದಲ್ಲಿಲ್ಲ. ಆದ್ದರಿಂದ ಪ್ರಮಾಣಪತ್ರ ಶುದ್ಧವಾಗಿದ್ದರೂ ಸ್ಥಳೀಯ ಸಿವಿಲ್ ನ್ಯಾಯಾಲಯದಲ್ಲಿ ಮಾಲೀಕನ ಹಾಗೂ ಅವನ ಒಡಹುಟ್ಟಿದವರ ಹೆಸರಿನಲ್ಲಿ ದಾವೆ ಇದೆಯೇ ಎಂದು ಹುಡುಕಿಸಿ, ಸ್ಥಳಕ್ಕೆ ಹೋಗಿ ಯಾರು ವಾಸವಿದ್ದಾರೆಂದು ವಿಚಾರಿಸಿದ ಮೇಲೆಯೇ ಠೇವಣಿ ಕಟ್ಟುವುದು ಒಳಿತು.