ಮನೆಯ ಜಗಳ, ಕತೆಯ ನ್ಯಾಯ

ಕತೆ ಬರೆಯುವ ಹುಮ್ಮಸ್ಸುಳ್ಳ ವಿದ್ಯಾರ್ಥಿಗಳು ಪದೇ ಪದೇ ಒಂದು ಸಂದೇಹವನ್ನು ಮುಂದಿಡುತ್ತಾರೆ: ಮನೆಯೊಳಗಿನ ಜಗಳವನ್ನು ಬರೆದರೆ ಮನೆಯ ಮಾನ ಬೀದಿಗೆ ಬಂದಂತಾಗದೆ? ಸಂದೇಹ ಸಹಜವಾದದ್ದೇ. ಕುಂದಾಪುರದಂಥ ಊರಿನಲ್ಲಿ ಹೆಸರನ್ನು ಎಷ್ಟು ಮರೆಸಿದರೂ ಅತ್ತೆ ಯಾರು, ಸೊಸೆ ಯಾರು ಎಂದು ನೆರೆಯವರು ಊಹಿಸದೆ ಇರಲಾರರು. ಈ ಅಂಜಿಕೆಯಿಂದಲೇ ನಮ್ಮ ಎಷ್ಟೋ ಕತೆಗಳಲ್ಲಿ ಅತ್ತೆ ಬರಿಯ ಕಾಟದ ಮೂರ್ತಿಯಾಗುತ್ತಾಳೆ. ಸೊಸೆ ಬರಿಯ ಕಣ್ಣೀರಾಗುತ್ತಾಳೆ. ಯಾರೂ ಅಲ್ಲದ ಅತ್ತೆಯನ್ನು ಚಿತ್ರಿಸಿದರೆ ಯಾರಿಗೂ ನೋವಿಲ್ಲ, ನಿಜ. ಆದರೆ ಅಲ್ಲಿ ಕತೆಯೂ ಇಲ್ಲ.

ಈ ಕಷ್ಟವನ್ನು ದಾಟಿದ ಕೃತಿಯೊಂದು ನಮ್ಮ ನೆರೆಯಲ್ಲೇ ಹುಟ್ಟಿದೆ. ೧೯೦೨ರಲ್ಲಿ ಕೋಟದಲ್ಲಿ ಜನಿಸಿದ ಶಿವರಾಮ ಕಾರಂತರ 'ಮರಳಿ ಮಣ್ಣಿಗೆ' (೧೯೪೧) ಇಂದಿನ ಬ್ರಹ್ಮಾವರ ತಾಲೂಕಿನ ಕೋಡಿಯ ಒಂದು ಮನೆಯ ಮೂರು ತಲೆಮಾರುಗಳ ಕತೆ. ರಾಮ ಐತಾಳರಿಗೆ ಮಕ್ಕಳಿಲ್ಲ. ಮನೆಯಲ್ಲಿ ಹೆಂಡತಿ ಪಾರೋತಿ, ವಿಧವೆಯಾದ ಒಡಹುಟ್ಟಿದವಳು ಸರಸೋತಿ. ಐತಾಳರು ಸತ್ಯಭಾಮೆಯನ್ನು ಎರಡನೆಯ ಮದುವೆಯಾಗುತ್ತಾರೆ. ಸಾಮಾನ್ಯ ಲೇಖಕನಾಗಿದ್ದರೆ ಪಾರೋತಿಯ ಬಾಯಲ್ಲಿ ಪುಟಗಟ್ಟಲೆ ಗೋಳನ್ನು ತುಂಬುತ್ತಿದ್ದನು. ಕಾರಂತರು ಅವಳನ್ನು ಗದ್ದೆಯ ಕೆಲಸದಲ್ಲಿ, ಸರಸೋತಿಯ ಒಡನಾಟದಲ್ಲಿ, ಸವತಿಯ ಮಗ ಲಚ್ಚನ ಮೇಲಣ ಅಕ್ಕರೆಯಲ್ಲಿ ನಮಗೆ ತೋರಿಸುತ್ತಾರೆ. ಅವಳ ನೋವಿನ ಆಳವನ್ನು ನಾವು ಅಳೆಯುವುದು ಆ ಅಕ್ಕರೆಯಿಂದ. ಮುಂದೆ ಲಚ್ಚ ಆಸ್ತಿಯನ್ನು ಹಾಳುಮಾಡುತ್ತಾನೆ, ಹೆಂಡತಿ ನಾಗವೇಣಿಯ ಬಾಳನ್ನು ನೋಯಿಸುತ್ತಾನೆ. ಅಲ್ಲಿಯೂ ಕಾದಂಬರಿಕಾರರು ಯಾರ ವಕೀಲರೂ ಆಗುವುದಿಲ್ಲ.

ಇದೇ ಕರಾವಳಿಯ ಬಂಟರ ಮನೆಯಲ್ಲಾಗಿದ್ದರೆ ಕತೆಯ ದಾರಿಯೇ ಬೇರೆಯಾಗುತ್ತಿತ್ತು. ಅಳಿಯಸಂತಾನದ ಕಟ್ಟಿನಲ್ಲಿ ಆಸ್ತಿ ಹೆಣ್ಣಿನ ಸಂತತಿಯಲ್ಲಿ ಸಾಗುತ್ತಿತ್ತು. ಆಡಳಿತ ಬಹುಮಟ್ಟಿಗೆ ಸೋದರಮಾವನ ಕೈಯಲ್ಲಿರುತ್ತಿತ್ತು. ತನ್ನ ಮಕ್ಕಳ ಮೇಲಿನ ಪ್ರೀತಿಗೂ ಸೋದರಿಯ ಮಕ್ಕಳ ಹಕ್ಕಿಗೂ ನಡುವೆ ಸಿಕ್ಕಿಬಿದ್ದ ಗಂಡಸಿನ ಸಂಕಟ ಆ ಮನೆಗಳದು. ೧೯೪೯ರ ಮದರಾಸಿನ ಅಳಿಯಸಂತಾನ ಕಾಯಿದೆ ಪಾಲುಪಟ್ಟಿಗೆ ದಾರಿ ತೆರೆಯಿತು. ೧೯೫೬ರ ಹಿಂದೂ ಉತ್ತರಾಧಿಕಾರ ಕಾಯಿದೆ ಹಳೆಯ ಕಟ್ಟನ್ನು ಇನ್ನಷ್ಟು ಸಡಿಲಿಸಿತು. ಮನೆಯ ಒಡೆತನ ಯಾರದೆಂದು ಅರಿಯದವನು ಅಲ್ಲಿನ ಮುನಿಸಿನ ಮೂಲವನ್ನು ಅರಿಯಲಾರನು.

ಮನೆಯ ಮಾತಿನ ಧಾಟಿಯೂ ಅಷ್ಟೇ ಮುಖ್ಯ. ೧೯೪೫ರಲ್ಲಿ ಕುಂದಾಪುರದಲ್ಲಿ ಹುಟ್ಟಿದ ವೈದೇಹಿಯವರು ಈ ಸೀಮೆಯ ಹೆಂಗಸರ ಆಡುನುಡಿಯನ್ನು ಕತೆಗೆ ತಂದುದರ ಬೆಲೆ ಇಲ್ಲಿದೆ. ಒಂದು 'ಹ್ವಾಯ್'ನಲ್ಲಿ ಸಲಿಗೆಯಿದೆಯೋ ಮುನಿಸಿದೆಯೋ ಎಂಬುದು ದನಿಯಿಂದಲೇ ತಿಳಿಯುತ್ತದೆ. ಗ್ರಂಥಸ್ಥ ಭಾಷೆಯಲ್ಲಿ ಆ ಸೂಕ್ಷ್ಮ ಉಳಿಯುವುದು ಕಷ್ಟ.

ಇನ್ನು ವಿದ್ಯಾರ್ಥಿಯ ಸಂದೇಹ. ಬೀರುವಿನ ಕೀಲಿಕೈಯನ್ನು ಸೊಂಟದಿಂದ ಬಿಚ್ಚದ ಅತ್ತೆಯೊಬ್ಬಳನ್ನು ಬರೆಯುವುದಾದರೆ ಮೊದಲು ಕೇಳಿಕೊಳ್ಳಬೇಕಾದ ಪ್ರಶ್ನೆಯಿದು: ನಲವತ್ತು ವರುಷ ಆ ಮನೆಗೆ ದುಡಿದ ಅವಳಿಗೆ ಅದನ್ನು ಬಿಟ್ಟು ಬೇರೆ ಏನು ದಕ್ಕಿದೆ? ಇದಕ್ಕೆ ಉತ್ತರ ಹುಡುಕಿ ಬರೆದ ಕತೆಯನ್ನು ಅತ್ತೆಯೇ ಓದಿದರೂ ಮುನಿಯಬಹುದು. ಆದರೆ ತನಗೆ ಅನ್ಯಾಯವಾಯಿತೆಂದು ಮಾತ್ರ ಹೇಳಲಾರಳು.