ವರ್ಷಕ್ಕೆ 88 ಸೆಂಟ್ ಬಾಡಿಗೆ

ಜರ್ಮನಿಯ ಆಗ್ಸ್‌ಬರ್ಗ್ ನಗರದಲ್ಲಿರುವ ಫುಗ್ಗರೈ ಎಂಬ ವಠಾರದಲ್ಲಿ ಮನೆ ಸಿಕ್ಕವರು ಇಡೀ ವರ್ಷಕ್ಕೆ ಕೊಡುವ ಬಾಡಿಗೆ 88 ಸೆಂಟ್. ಒಂದು ಯೂರೋ ಕೂಡ ಅಲ್ಲ. 1521ರಲ್ಲಿ ದತ್ತಿಪತ್ರ ಬರೆಸಿದ ದೊಡ್ಡ ವ್ಯಾಪಾರಿ ಯಾಕೋಬ್ ಫುಗ್ಗರ್ ಗೊತ್ತುಮಾಡಿದ್ದು ಒಂದು ರೈನ್ ಗುಲ್ಡನ್. ನಾಣ್ಯ ಬದಲಾದರೂ ಬಾಡಿಗೆ ಏರಲಿಲ್ಲ. ಕರೆಂಟು, ಚಳಿಗಾಲದ ಹೀಟರಿನ ಖರ್ಚು ಮಾತ್ರ ಅವರವರದೇ.

ಮನೆ ಬೇಕಾದವರು ಆಗ್ಸ್‌ಬರ್ಗಿನವರಾಗಿರಬೇಕು, ಕ್ಯಾಥೊಲಿಕರಾಗಿರಬೇಕು, ಕಷ್ಟದಲ್ಲಿದ್ದೇವೆಂದು ತೋರಿಸಬೇಕು. ಧರ್ಮದ ಷರತ್ತು ಇಂದಿಗೂ ಉಳಿದಿರುವುದು ನನಗೆ ಸರಿಕಾಣದು, ಬಡತನಕ್ಕೆ ಮತವಿಲ್ಲ. ಆದರೆ ಫುಗ್ಗರನ ಮೂಲ ಉದ್ದೇಶವನ್ನು ಮೆಚ್ಚಲೇಬೇಕು. ದುಡಿಯುತ್ತಿದ್ದು, ಕಾಯಿಲೆಯಿಂದಲೋ ಕೆಲಸ ತಪ್ಪಿಯೋ ಕಂಗೆಟ್ಟ ಕುಶಲಕರ್ಮಿಗಳಿಗೆ, ಕೂಲಿಗಳಿಗೆ ಅವನು ಸೂರು ಕಟ್ಟಿಸಿದ. ಸಂಗೀತಗಾರ ಮೊಟ್ಸಾರ್ಟನ ಮುತ್ತಜ್ಜ, ಗಾರೆ ಕೆಲಸದ ಫ್ರಾನ್ಜ್, 1681ರಿಂದ ಸಾಯುವವರೆಗೂ ಇಲ್ಲೇ ಇದ್ದ.

ಈಗ 67 ಕಟ್ಟಡಗಳಲ್ಲಿ 140 ಮನೆಗಳಿದ್ದು, ಸುಮಾರು 150 ಜನ ವಾಸಿಸುತ್ತಾರೆ. ಹಲವರು ವಯಸ್ಸಾದವರು. ಕೆಳಗಿನ ಮನೆಗೊಂದು, ಮೇಲಿನ ಮನೆಗೊಂದು ಬೀದಿಬಾಗಿಲು ಬೇರೆ ಬೇರೆ. ಈ ವ್ಯವಸ್ಥೆಯ ಜೀವಾಳ ಇದೇ ಎಂದು ನನಗನ್ನಿಸುತ್ತದೆ. ಧರ್ಮದ ಮನೆಯಾದರೂ ಬೀಗದ ಕೈ ತನ್ನದು, ಅಡುಗೆಮನೆ ತನ್ನದು. ಹಸಿವಾದಾಗ ಬೇಯಿಸಿಕೊಳ್ಳಬಹುದು, ಬೇಡವಾದಾಗ ಬಾಗಿಲು ಹಾಕಿಕೊಳ್ಳಬಹುದು. ಬಾಗಿಲ ಗಂಟೆಯ ಹಿಡಿಗಳೂ ಬೇರೆ ಬೇರೆ ಆಕಾರದವು. ಬೀದಿದೀಪವಿಲ್ಲದ ಕಾಲದಲ್ಲಿ ತಡವಿಯೇ ತಮ್ಮ ಮನೆ ಗುರುತಿಸಲು ಇವು ನೆರವಾದವಂತೆ.

ದಿನಕ್ಕೊಮ್ಮೆ ದಾನಿಯ ಕುಟುಂಬಕ್ಕಾಗಿ ಮೂರು ಪ್ರಾರ್ಥನೆ ಹೇಳಬೇಕೆಂಬುದು ನಿಯಮ. ಪಾಲಿಸುವುದು ಮಾತ್ರ ಅವರವರ ಮನಸ್ಸಿಗೆ ಬಿಟ್ಟದ್ದು. ವಠಾರದ ಹೆಬ್ಬಾಗಿಲು ರಾತ್ರಿ ಹತ್ತಕ್ಕೆ ಮುಚ್ಚುತ್ತದೆ. ತಡವಾಗಿ ಬಂದವರು ಕಾವಲುಗಾರನಿಗೆ 50 ಸೆಂಟ್, ಮಧ್ಯರಾತ್ರಿ ದಾಟಿದರೆ ಒಂದು ಯೂರೋ ಕೊಡಬೇಕು. ಆ ಕಾವಲಿನ ಕೆಲಸ ಮಾಡುವವರೂ ನಿವಾಸಿಗಳೇ. ಕೈಲಾದವರು ತೋಟವನ್ನೂ ನೋಡಿಕೊಳ್ಳುತ್ತಾರೆ.

1944ರ ಬಾಂಬ್ ದಾಳಿಯಲ್ಲಿ ವಠಾರದ ಬಹುಭಾಗ ನೆಲಸಮವಾಯಿತು. ದತ್ತಿ ಸಂಸ್ಥೆ ಮತ್ತೆ ಕಟ್ಟಿಸಿತು. ಅದರ ಮುಖ್ಯ ವರಮಾನ ಸ್ವಂತ ಕಾಡಿನ ಮರಮಟ್ಟುಗಳಿಂದ. ಪ್ರವಾಸಿಗರ ಟಿಕೆಟ್ ಹಣವೂ ಸೇರುತ್ತದೆ. ಹೋಗುವವರಿಗೆ ಒಂದು ಕೋರಿಕೆ: ನೋಡಲೆಂದೇ ಸಜ್ಜುಗೊಳಿಸಿದ ಮನೆ ಅಲ್ಲಿದೆ. ಉಳಿದವುಗಳಲ್ಲಿ ಜನ ಬದುಕುತ್ತಿದ್ದಾರೆ, ಕಿಟಕಿಯಲ್ಲಿ ಇಣುಕಬೇಡಿ.